ಬೀಸುಕಲ್ಲಿನಿಂದ ಬೆಳ್ಳಿತೆರೆಗೆ

ಚಲನಚಿತ್ರ ಸಂಗೀತ ಎಂದೊಡನೆ ನಮ್ಮಲ್ಲಿ ಬಹುಮಂದಿಗೆ ನೆನಪಾಗುವುದು ಹಾಡು. ಆದರೆ ಹಾಡು ಮುಗಿದ ಮೇಲೂ ಚಿತ್ರದುದ್ದಕ್ಕೂ ನಡೆಯುವ ಇನ್ನೊಂದು ಸಂಗೀತವಿದೆ. ಅದು ಹಿನ್ನೆಲೆ ಸಂಗೀತ. ಪಾತ್ರ ನಡೆದರೆ ಅದೂ ನಡೆಯುತ್ತದೆ, ಪಾತ್ರ ನಿಂತರೆ ತಾನೂ ನಿಲ್ಲುತ್ತದೆ. ಕಣ್ಣಿಗೆ ಕಾಣುವ ಚಲನೆಗೆ ಕಿವಿಗೆ ಕೇಳುವ ನಡೆಯನ್ನು ಹೊಂದಿಸುವುದೇ ಆ ಕಸುಬಿನ ತಿರುಳು. ಈ ವಿದ್ಯೆ ಕ್ಯಾಮೆರಾದ ಜೊತೆಯಲ್ಲಿ ಹಡಗು ಹತ್ತಿ ಬಂತೆಂದು ತಿಳಿಯುವವರಿದ್ದಾರೆ. ಯಂತ್ರ ಹೊರಗಿನಿಂದ ಬಂದದ್ದು ನಿಜ. ಆದರೆ ಚಲನೆಗೆ ನಾದವನ್ನು ಕಟ್ಟುವ ಕೆಲಸ ವಿಜಯಪುರ ಜಿಲ್ಲೆಯ ಇಂಡಿ, ಸಿಂದಗಿ, ಮುದ್ದೇಬಿಹಾಳ, ಬಸವನ ಬಾಗೇವಾಡಿಗಳ ಕಣಗಳಲ್ಲಿ, ಮನೆಯ ಪಡಸಾಲೆಗಳಲ್ಲಿ ಸಿನಿಮಾ ಹುಟ್ಟುವುದಕ್ಕೆ ಎಷ್ಟೋ ಮೊದಲೇ ನಡೆದಿತ್ತು. ಅಲ್ಲಿಂದ ಬೆಳ್ಳಿತೆರೆಗೆ ಏನು ಬಂತು, ಏನು ಬರಲಿಲ್ಲ ಎಂಬುದು ಈ ಲೇಖನದ ವಿಷಯ.

ಹಂತಿಯನ್ನು ನೋಡದವರಿಗಾಗಿ ಒಂದೆರಡು ಮಾತು ಹೇಳಬೇಕು. ಜೋಳದ ಸುಗ್ಗಿ ಮುಗಿದ ಮೇಲೆ ಕಣದ ನಡುವೆ ಮೇಟಿ ನೆಟ್ಟು, ತೆನೆ ಹರಡಿ, ಎತ್ತುಗಳನ್ನು ಸಾಲಾಗಿ ಕಟ್ಟಿ ಮೇಟಿಯ ಸುತ್ತ ತಿರುಗಿಸುತ್ತಿದ್ದರು. ಆ ಸಾಲಿಗೇ ಹಂತಿ ಎಂದು ಹೆಸರು. ಮೇಟಿಯ ಪಕ್ಕದ ಎತ್ತಿನದು ಸಣ್ಣ ಸುತ್ತು, ನಿಧಾನದ ನಡೆ. ಹೊರಗಿನ ಎತ್ತಿನದು ದೊಡ್ಡ ಸುತ್ತು, ಬಿರುಸಿನ ನಡೆ. ಹಿಂದೆ ನಡೆಯುವವನು ಹಾಡು ಎತ್ತಿಕೊಳ್ಳುತ್ತಾನೆ, ಉಳಿದವರು ಸೊಲ್ಲು ಹಿಡಿಯುತ್ತಾರೆ. ರಾತ್ರಿಯೆಲ್ಲ ನಡೆಯುವ ಕೆಲಸವಾದ್ದರಿಂದ ಹಾಡೂ ಉದ್ದ; ಅದರಲ್ಲಿ ಕಥೆಗಳಿರುತ್ತವೆ, ದೇವರುಗಳಿರುತ್ತಾರೆ. ಇಲ್ಲಿ ತಾಳ ಹಾಕುವವರು ಮನುಷ್ಯರಲ್ಲ. ಎತ್ತಿನ ಗೊರಸು ತೆನೆಯ ಮೇಲೆ ಬೀಳುವ ಸದ್ದೇ ತಾಳ. ಎತ್ತು ದಣಿದು ನಡೆ ಕುಗ್ಗಿದರೆ ಹಾಡು ತಾನೂ ತಗ್ಗಿ, ಮತ್ತೆ ಮೆಲ್ಲಗೆ ಏರಿಸಿ, ಪ್ರಾಣಿಯನ್ನು ಹುರಿದುಂಬಿಸುತ್ತದೆ.

ಬೀಸುಕಲ್ಲಿನ ಪದದ್ದು ಇನ್ನೂ ಸೂಕ್ಷ್ಮವಾದ ಲೆಕ್ಕ. ಬೆಳಗು ಹರಿಯುವ ಮುಂಚೆ ಇಬ್ಬರು ಹೆಂಗಸರು ಎದುರುಬದುರಾಗಿ ಕೂತು ಒಂದೇ ಗೂಟ ಹಿಡಿದು ಕಲ್ಲು ತಿರುಗಿಸುತ್ತಾರೆ. ಬಾಯಿಗೆ ಹೊಸ ಹಿಡಿ ಜೋಳ ಬಿದ್ದಾಗ ಕಲ್ಲಿನ ದನಿ ಬದಲಾಗುತ್ತದೆ, ಕೈಗೆ ಭಾರ ಬರುತ್ತದೆ. ಕಾಳು ಸವೆದಂತೆ ಮತ್ತೆ ಹಗುರ. ಹಾಡು ಈ ಏರಿಳಿತದ ಮೇಲೆ ಕೂರುತ್ತದೆ. ಛಂದಸ್ಸು ತ್ರಿಪದಿ, ಬರೆದರೆ ಮೂರೇ ಸಾಲು. ಹಾಡುವಾಗ ಎರಡನೆಯ ಸಾಲಿನ ಭಾಗವನ್ನು ತಿರುಗಿ ಹಿಡಿಯುವುದರಿಂದ ಕಿವಿಗೆ ಅದು ನಾಲ್ಕಾಗಿ ಕೇಳಿಸುತ್ತದೆ. ಕಾಗದದ ಮೇಲಿನ ಹಾಡಿಗೂ ಗಂಟಲಿನ ಹಾಡಿಗೂ ಇರುವ ಈ ಅಂತರವನ್ನು ಓದುಗರು ನೆನಪಿನಲ್ಲಿಡಬೇಕು. ಮುಂದಿನ ಕಥೆಗೆಲ್ಲ ಅದೇ ಮೂಲ.

ಈ ಹಾಡುಗಳನ್ನು ಕಾಗದಕ್ಕೆ ಇಳಿಸಿದವರು ಇಂಡಿ ಸೀಮೆಯವರೇ. ಭೀಮೆಯ ಈಚೆಯ ಹಲಸಂಗಿಯಲ್ಲಿ ಮಧುರಚೆನ್ನ, ಸಿಂಪಿ ಲಿಂಗಣ್ಣ, ಧೂಲಾಸಾಹೇಬ, ಕಾಪಸೆ ರೇವಪ್ಪ ಮೊದಲಾದ ಗೆಳೆಯರು ಸೇರಿ ಮನೆಮನೆಯ ಹೆಂಗಸರ ಬಾಯಿಂದ ಪದಗಳನ್ನು ಕೇಳಿ ಬರೆದುಕೊಂಡರು. 1931ರಲ್ಲಿ 'ಗರತಿಯ ಹಾಡು', 1933ರಲ್ಲಿ 'ಜೀವನ ಸಂಗೀತ' ಹೊರಬಂದವು. ವಿದ್ಯಾವಂತ ಕನ್ನಡಿಗರು ಜನಪದ ಕಾವ್ಯವನ್ನು ಗೌರವದಿಂದ ನೋಡುವಂತಾಗಲು ಈ ಹಲಸಂಗಿ ಗೆಳೆಯರು ಮಾಡಿದ ಉಪಕಾರ ಸಣ್ಣದಲ್ಲ. ಆದರೆ ಅವರ ಕೈಯಲ್ಲಿ ಇದ್ದದ್ದು ಲೇಖನಿ ಮಾತ್ರ. ಮಾತು ಉಳಿಯಿತು, ಧಾಟಿ, ನಡೆ, ಕಲ್ಲಿನ ಸದ್ದು ಪುಸ್ತಕದ ಹೊರಗೇ ಉಳಿದವು. ಪದ ಕಟ್ಟಿದವಳ ಹೆಸರೂ ಹೊರಗೇ ಉಳಿಯಿತು.

ಇದೇ ನೆಲದ ಇನ್ನೊಬ್ಬ ಸಂಗೀತಗಾರನ ಜೊತೆ ಹೋಲಿಸಿ ನೋಡಿದರೆ ವಿಷಯ ಸ್ಪಷ್ಟವಾಗುತ್ತದೆ. 1580ರಿಂದ 1627ರವರೆಗೆ ಬಿಜಾಪುರವನ್ನು ಆಳಿದ ಇಬ್ರಾಹಿಂ ಆದಿಲಶಾಹಿ ಎರಡನೆಯವನು ದಖನಿಯಲ್ಲಿ ಹಾಡು ಕಟ್ಟಿದ. ಅವನ 'ಕಿತಾಬೆ ನೌರಸ್' ಗ್ರಂಥದಲ್ಲಿ ಹಾಡುಗಳು ಇಂತಿಂಥ ರಾಗದವೆಂದು ಗುರುತು ಮಾಡಲಾಗಿದೆ. ಅವನ ತಂಬೂರಿಗೆ ಮೋತಿಖಾನ್ ಎಂದು ಹೆಸರಿದ್ದುದೂ ನಮಗೆ ಗೊತ್ತು. ಅರಸನ ತಂಬೂರಿಯ ಹೆಸರು ನಾಲ್ಕು ಶತಮಾನ ಬದುಕಿದೆ. ಬೀಸುಕಲ್ಲಿನ ಮುಂದೆ ಕೂತವಳ ಹೆಸರು ನಾಲ್ಕು ಮನೆಯಾಚೆಗೂ ಹೋಗಲಿಲ್ಲ.

ಹೀಗೆ ಹೆಸರಿಲ್ಲದ ಹೆಂಗಸರ ನಾಡಿನಿಂದ ಒಬ್ಬಾಕೆ ಮಾತ್ರ ಹೆಸರು ಪಡೆದು, ಚಲನಚಿತ್ರವೊಂದಕ್ಕೆ ತಾನೇ ಸಂಗೀತ ನಿರ್ದೇಶಕಿಯಾದಳು. ಬಸವನ ಬಾಗೇವಾಡಿ ಸೀಮೆಯ ಕೊಲ್ಹಾರದಲ್ಲಿ ಕೃಷ್ಣೆಯನ್ನು ದಾಟಿದರೆ ಆಚೆ ದಡದ್ದು ಬೀಳಗಿ ಸೀಮೆ. ಇಂದು ಅದು ಬಾಗಲಕೋಟೆ ಜಿಲ್ಲೆಗೆ ಸೇರಿದೆ. 1997ರವರೆಗೆ ಎರಡೂ ದಡ ಒಂದೇ ಬಿಜಾಪುರ ಜಿಲ್ಲೆ. ಆ ಬೀಳಗಿಯಲ್ಲಿ ಕಳೆದ ಶತಮಾನದ ಆರಂಭದಲ್ಲಿ ಹುಟ್ಟಿದವರು ಅಮೀರ್‌ಬಾಯಿ. ಅಕ್ಕ ಗೋಹರ್‌ಬಾಯಿ ಬಾಲಗಂಧರ್ವರ ಮರಾಠಿ ರಂಗಭೂಮಿಯಲ್ಲಿ ಗಾಯಕ ನಟಿಯಾಗಿ ಹೆಸರಾದರು. ತಂಗಿ ಮುಂಬಯಿಗೆ ಹೋಗಿ ಮೊದಲು ಧ್ವನಿಮುದ್ರಿಕೆಗಳಿಗೆ, ಆಮೇಲೆ ಚಿತ್ರಗಳಿಗೆ ಹಾಡಿದರು, ನಟಿಸಿದರು.

ಇಬ್ಬರೂ ತಮ್ಮ ಹೆಸರಿನ ಮುಂದೆ 'ಕರ್ನಾಟಕಿ' ಎಂದು ಸೇರಿಸಿಕೊಂಡರು. ಇದು ನಮಗೆ ಇಂದು ಸಹಜವೆನಿಸಬಹುದು. ಆಗ ಬಿಜಾಪುರವಿದ್ದುದು ಮುಂಬಯಿ ಪ್ರಾಂತದಲ್ಲಿ. ಕರ್ನಾಟಕ ಎಂಬ ರಾಜ್ಯ ಭೂಪಟದಲ್ಲಿ ಇರಲಿಲ್ಲ. ಏಕೀಕರಣವಾದದ್ದು 1956ರಲ್ಲಿ, ರಾಜ್ಯಕ್ಕೆ ಆ ಹೆಸರು ಬಂದದ್ದು 1973ರಲ್ಲಿ. ಆ ಹೆಸರಿನ ರಾಜ್ಯ ಹುಟ್ಟುವುದಕ್ಕೆ ಎಷ್ಟೋ ಮೊದಲೇ ಈ ಅಕ್ಕತಂಗಿಯರು ನಾಡಿನ ಹೆಸರನ್ನು ಗ್ರಾಮಫೋನ್ ತಟ್ಟೆಗಳ ಮೇಲೆ ಅಚ್ಚು ಹಾಕಿಸಿದ್ದರು!

1943ರಲ್ಲಿ ಅನಿಲ್ ಬಿಸ್ವಾಸರ ಸಂಗೀತದ 'ಕಿಸ್ಮತ್' ತೆರೆಕಂಡಿತು. ಕಲ್ಕತ್ತೆಯ ರಾಕ್ಸಿ ಚಿತ್ರಮಂದಿರದಲ್ಲಿ ಅದು ಮೂರು ವರ್ಷಕ್ಕೂ ಮಿಕ್ಕಿ ಓಡಿತು. ಅದರ ಹಾಡುಗಳ ಮೂಲಕ ಅಮೀರ್‌ಬಾಯಿಯ ಕಂಠ ದೇಶದ ಮೂಲೆಮೂಲೆಗೆ ತಲುಪಿತು. ಮರುವರ್ಷ ನೌಷಾದರ 'ರತನ್' ಚಿತ್ರಕ್ಕೂ ಹಾಡಿದರು. ಕಂಪನಿ ನಾಟಕದಲ್ಲಿ ಬೆಳೆದ ಗಾಯಕಿಯರಂತೆ ತುಂಬು ಎದೆಯ, ಕೊನೆಯ ಸಾಲಿನ ಪ್ರೇಕ್ಷಕನಿಗೂ ಮುಟ್ಟುವ ದನಿ ಅದು. 1948ರಲ್ಲಿ ಬಂದ 'ಶಹನಾಜ್' ಚಿತ್ರಕ್ಕೆ ಅವರೇ ಸಂಗೀತ ನಿರ್ದೇಶಕಿ.

ಇದನ್ನು ಒಂದು ಸಣ್ಣ ಸಂಗತಿ ಎಂದು ದಾಟಿ ಹೋಗಬಾರದು. ಹಿಂದಿ ಚಿತ್ರರಂಗದಲ್ಲಿ ಅದುವರೆಗೆ ಸಂಗೀತ ನಿರ್ದೇಶನ ಮಾಡಿದ ಮಹಿಳೆಯರನ್ನು ಬೆರಳ ಮೇಲೆ ಎಣಿಸಬಹುದಿತ್ತು. 1935ರ 'ತಲಾಶೆ ಹಕ್' ಚಿತ್ರಕ್ಕೆ ಜದ್ದನ್‌ಬಾಯಿ, 1936ರ 'ಅಛೂತ್ ಕನ್ಯಾ' ಚಿತ್ರಕ್ಕೆ ಸರಸ್ವತಿ ದೇವಿ ಸಂಗೀತ ನೀಡಿದ್ದರು. ಹಾಡುವುದಕ್ಕೆ ಹೆಣ್ಣು ಬೇಕು, ರಾಗ ಹಾಕುವ ಕುರ್ಚಿಗೆ ಮಾತ್ರ ಗಂಡಸು ಎಂಬ ಉದ್ಯಮದಲ್ಲಿ, ಬೀಳಗಿಯ ಹೆಣ್ಣುಮಗಳು ವಾದ್ಯವೃಂದದ ಮುಂದೆ ನಿಂತು ಇಲ್ಲಿ ನಿಲ್ಲಿಸಿ, ಇಲ್ಲಿ ಎತ್ತಿಕೊಳ್ಳಿ ಎಂದು ಹೇಳುವ ಸ್ಥಾನಕ್ಕೆ ಬಂದದ್ದು ದೊಡ್ಡ ಮಾತು. ಆದರೆ ಕಾಲ ಅವರ ಕಡೆಗೆ ಇರಲಿಲ್ಲ. 1949ರಲ್ಲಿ 'ಮಹಲ್', 'ಬರಸಾತ್', 'ಅಂದಾಜ್' ಚಿತ್ರಗಳು ಬಂದು ಲತಾ ಮಂಗೇಶ್ಕರರ ಎಳೆಯಾದ, ಎತ್ತರದ ದನಿ ಹೊಸ ಮಾದರಿಯಾಯಿತು. ತುಂಬು ಕಂಠದ ಗಾಯಕಿಯರೆಲ್ಲ ಬದಿಗೆ ಸರಿದರು. ಅಮೀರ್‌ಬಾಯಿ ಪೋಷಕ ಪಾತ್ರಗಳಿಗೆ ಬಂದರು. 1965ರ ಮಾರ್ಚ್‌ನಲ್ಲಿ ತೀರಿಕೊಂಡಾಗ ಅವರನ್ನು ಮಣ್ಣು ಮಾಡಿದ್ದು ಬಿಜಾಪುರದಲ್ಲಿ. ಅವರ ಹೆಸರಿನಲ್ಲಿ ಆ ಊರಲ್ಲಿ ಅಮೀರ್ ಟಾಕೀಸ್ ಎಂಬ ಚಿತ್ರಮಂದಿರವೂ ಇತ್ತು. ರಹಮತ್ ತರೀಕೆರೆಯವರು ಅವರ ಜೀವನಚರಿತ್ರೆ ಬರೆಯದಿದ್ದರೆ ಕನ್ನಡದ ಹೊಸ ತಲೆಮಾರಿಗೆ ಈ ಹೆಸರು ತಲುಪುವುದು ಕಷ್ಟವಿತ್ತು. ಅವರು ಹಾಡಿದ್ದನ್ನು ಜನ ನೆನೆಯುತ್ತಾರೆ, ಸಂಗೀತ ಕಟ್ಟಿದ್ದನ್ನು ನೆನೆಯುವವರು ಕಡಿಮೆ. ಗರತಿಯ ಹಾಡಿನ ಗರತಿಗೆ ಆದದ್ದೇ ಹೆಸರಿದ್ದವಳಿಗೂ ಆಯಿತು ಎನ್ನಬೇಕೆ?

ಇನ್ನು ಕಸುಬಿನ ಮಾತಿಗೆ ಬರೋಣ. ಫಿಲ್ಮಿನ ಕಾಲದಲ್ಲಿ ಹಿನ್ನೆಲೆ ಸಂಗೀತವನ್ನು ಅಡಿಯ ಲೆಕ್ಕದಲ್ಲಿ ಕಟ್ಟುತ್ತಿದ್ದರು. 35 ಮಿಲಿಮೀಟರ್ ಫಿಲ್ಮಿನ ಒಂದು ಅಡಿಗೆ 16 ಚೌಕಟ್ಟು. ಒಂದು ಸೆಕೆಂಡಿಗೆ ತೆರೆಯ ಮೇಲೆ ಹಾಯುವುದು 24 ಚೌಕಟ್ಟು. ಅಂದರೆ ನಿಮಿಷಕ್ಕೆ 90 ಅಡಿ. ಸಾವಿರ ಅಡಿಯ ರೀಲು ಹನ್ನೊಂದು ನಿಮಿಷ ಓಡುತ್ತದೆ. ನಾಯಕ ಬಾಗಿಲು ತೆರೆಯಲು ಹತ್ತು ಸೆಕೆಂಡು ಬೇಕೆಂದರೆ ಸಂಗೀತ ನಿರ್ದೇಶಕನ ಚೀಟಿಯಲ್ಲಿ ಅದು 15 ಅಡಿ. ಧ್ವನಿಮುದ್ರಣ ಕೋಣೆಯಲ್ಲಿ ಪರದೆಯ ಮೇಲೆ ರೀಲು ಓಡಿಸಿ, ಅದನ್ನು ನೋಡುತ್ತಲೇ ವಾದ್ಯವೃಂದ ನುಡಿಸುತ್ತಿತ್ತು. ಒಬ್ಬ ಪಿಟೀಲಿನವನು ತಪ್ಪಿದರೆ ರೀಲು ಮತ್ತೆ ಮೊದಲಿಂದ. ಇಂದು ಗಣಕಯಂತ್ರದ ಮೇಲೆ ಚೌಕಟ್ಟಿಗೆ ಚೌಕಟ್ಟು ಹೊಂದಿಸಬಹುದು. ಆದರೂ ಪ್ರಶ್ನೆ ಹಳೆಯದೇ. ಎತ್ತಿನ ನಡೆಗೆ ಹಾಡು ಕೂರಬೇಕು, ಹಾಡಿನ ನಡೆಗೆ ಎತ್ತನ್ನು ಕತ್ತರಿಸಬಾರದು.

ಕನ್ನಡ ವಾಕ್ಚಿತ್ರ ಆರಂಭದಲ್ಲಿ ಈ ಪ್ರಶ್ನೆಗೆ ತಲೆ ಕೆಡಿಸಿಕೊಳ್ಳಲಿಲ್ಲ. 1934ರ 'ಸತಿ ಸುಲೋಚನ' ಕಂಪನಿ ನಾಟಕದವರೇ ಸೇರಿ ಮಾಡಿದ ಚಿತ್ರ, ಆರ್. ನಾಗೇಂದ್ರರಾಯರು ಮತ್ತು ಪದ್ಮನಾಭ ಶಾಸ್ತ್ರಿಗಳು ಅದಕ್ಕೆ ಸಂಗೀತ ಕೂಡಿಸಿದರು. ರಂಗದ ಪೆಟ್ಟಿಗೆ, ತಬಲಾ, ಕಂದ ಪದ್ಯ, ಮಟ್ಟುಗಳು ಹಾಗೆಯೇ ತೆರೆಗೆ ಬಂದವು. ಮುಂದೆ ಬಹುಕಾಲ ನಮ್ಮ ಚಿತ್ರಸಂಗೀತ ಮದರಾಸಿನ ಸ್ಟುಡಿಯೋಗಳಲ್ಲಿ ತಯಾರಾಯಿತು. ಕೃಷ್ಣೆ ಭೀಮೆಯರ ನಡುವಿನ ಧಾಟಿ ಅಲ್ಲಿಗೆ ತಲುಪುವ ದಾರಿ ಸುಲಭವಿರಲಿಲ್ಲ. ಬಾಗೇವಾಡಿಯಲ್ಲಿ ಹುಟ್ಟಿದ ಬಸವಣ್ಣನವರ ಮೇಲೆ 1959ರಲ್ಲಿ 'ಜಗಜ್ಯೋತಿ ಬಸವೇಶ್ವರ' ಬಂತು. ಹೊನ್ನಪ್ಪ ಭಾಗವತರು ಬಸವಣ್ಣ, ರಾಜಕುಮಾರ್ ಬಿಜ್ಜಳ. ವಚನಕ್ಕೆ ಛಂದಸ್ಸಿನ ಕಟ್ಟಿಲ್ಲ, ಅದು ಮಾತಿನ ಲಯದ್ದು. ರಾಗಕ್ಕೆ ಕೂರಿಸುವುದು ಕಷ್ಟದ ಕೆಲಸ. ಅದರ ಸೂಕ್ಷ್ಮವನ್ನು ಸಿನಿಮಾಕ್ಕಿಂತ ಚೆನ್ನಾಗಿ ತಿಳಿದು ಹಾಡಿದವರು ಮಲ್ಲಿಕಾರ್ಜುನ ಮನಸೂರ, ಸಿದ್ಧರಾಮ ಜಂಬಲದಿನ್ನಿಯಂಥ ಬೈಠಕ್ ಗಾಯಕರು ಎಂಬುದು ನನ್ನ ಅಭಿಪ್ರಾಯ.

ಎಪ್ಪತ್ತರ ದಶಕದಲ್ಲಿ ಬಾಗಿಲು ತೆರೆಯಿತು. 1970ರ 'ಸಂಸ್ಕಾರ' ಚಿತ್ರದಲ್ಲಿ ಹಾಡುಗಳೇ ಇರಲಿಲ್ಲ. ಸರೋದ್ ವಾದಕ ರಾಜೀವ ತಾರಾನಾಥರು ಹಿನ್ನೆಲೆ ಸಂಗೀತದಿಂದಲೇ ಆ ಅಗ್ರಹಾರದ ಉಸಿರುಗಟ್ಟುವ ವಾತಾವರಣವನ್ನು ಹಿಡಿದರು. 1975ರ 'ಚೋಮನ ದುಡಿ'ಯಲ್ಲಿ ಬಿ. ವಿ. ಕಾರಂತರು ಕಥೆಯೊಳಗಿನ ವಾದ್ಯವನ್ನೇ ಚಿತ್ರದ ಸಂಗೀತವಾಗಿಸಿದರು. 1977ರ 'ಘಟಶ್ರಾದ್ಧ'ಕ್ಕೆ ಅವರಿಗೆ ರಾಷ್ಟ್ರಪ್ರಶಸ್ತಿ ಬಂತು. ಚಂದ್ರಶೇಖರ ಕಂಬಾರರು ತಾವೇ ನಿರ್ದೇಶಿಸಿ ಸಂಗೀತ ನೀಡಿದ 'ಕಾಡು ಕುದುರೆ'ಯಲ್ಲಿ ಉತ್ತರ ಕರ್ನಾಟಕದ ಧಾಟಿ ತನ್ನ ಒರಟುತನದ ಸಮೇತ ಕೇಳಿಸಿತು. ಶಿವಮೊಗ್ಗ ಸುಬ್ಬಣ್ಣನವರಿಗೆ ಗಾಯನದ ರಾಷ್ಟ್ರಪ್ರಶಸ್ತಿ ದೊರೆಯಿತು. 1997ರ 'ನಾಗಮಂಡಲ'ದಲ್ಲಿ ಸಿ. ಅಶ್ವಥ್ ಈ ಕಡೆಯ ಮಾತು ಮಟ್ಟುಗಳನ್ನು ರಾಜ್ಯದ ಮನೆಮನೆಗೂ ಮುಟ್ಟಿಸಿದರು. ಇವರೆಲ್ಲ ದೊಡ್ಡವರು. ಆದರೂ ಒಂದು ತಕರಾರು ಹೇಳಲೇಬೇಕು. ಜನಪದ ಧಾಟಿ ಚಿತ್ರಕ್ಕೆ ಬಂದಾಗಲೆಲ್ಲ ಸಾಮಾನ್ಯವಾಗಿ ಅದರ ನಡೆ ಬಿರುಸಾಗುತ್ತದೆ. ಡೊಳ್ಳು, ಹಲಗಿ, ಕರಡಿ ಮಜಲು ಇವು ಜಾತ್ರೆಯ ವಾದ್ಯಗಳು, ತೆರೆಗೆ ಒಗ್ಗುತ್ತವೆ. ಬೀಸುಕಲ್ಲಿನ ನಿಧಾನ ಒಗ್ಗಲಿಲ್ಲ. ಜಾತ್ರೆಯ ಸಂಗೀತ ಸಿನಿಮಾಕ್ಕೆ ಹೋಯಿತು, ದುಡಿಮೆಯ ಸಂಗೀತ ಮನೆಯಲ್ಲೇ ಉಳಿಯಿತು.

ಈಗ ಸಾಕ್ಷ್ಯಚಿತ್ರದ ಕಡೆ ನೋಡೋಣ, ಏಕೆಂದರೆ ನಿಧಾನಕ್ಕೆ ಜಾಗವಿರುವುದು ಅಲ್ಲಿ. ಹಳ್ಳಿಯವರಿಗೆ ಸಾಕ್ಷ್ಯಚಿತ್ರದ ಪರಿಚಯವಾದದ್ದು ಟೂರಿಂಗ್ ಟಾಕೀಸಿನ ಡೇರೆಗಳಲ್ಲಿ. 1948ರಲ್ಲಿ ಸ್ಥಾಪನೆಯಾದ ಫಿಲ್ಮ್ಸ್ ಡಿವಿಜನ್ನಿನ ವಾರ್ತಾಚಿತ್ರ, ಸಾಕ್ಷ್ಯಚಿತ್ರಗಳನ್ನು ಕಥಾಚಿತ್ರಕ್ಕೆ ಮುಂಚೆ ತೋರಿಸುವುದು ಕಡ್ಡಾಯವಾಗಿತ್ತು. ಜನ ಆ ಹೊತ್ತಿನಲ್ಲಿ ಬೀಡಿ ಹಚ್ಚಿಕೊಂಡು ಹರಟುತ್ತಿದ್ದರು ಎಂಬುದು ಬೇರೆ ಮಾತು. ಆದರೆ ಕೊಳಲು ವಾದಕ ವಿಜಯ ರಾಘವರಾವ್ ಅಂಥವರು ಈ ಪುಟ್ಟ ಚಿತ್ರಗಳಿಗೆ ಸಂಗೀತ ಕಟ್ಟಿದ್ದರು.

ಪ್ರಕೃತಿಯ ಸಾಕ್ಷ್ಯಚಿತ್ರಕ್ಕೆ ಸಂಗೀತ ಕಟ್ಟುವುದು ಕಥಾಚಿತ್ರಕ್ಕಿಂತ ಬೇರೆ ಬಗೆಯ ಕೆಲಸ. ಜಿಂಕೆಯನ್ನು ದೂರದರ್ಶಕ ಮಸೂರದಿಂದ ನೂರಾರು ಅಡಿ ದೂರದಲ್ಲಿ ನಿಂತು ಚಿತ್ರಿಸುತ್ತಾರೆ. ಅದರ ಗೊರಸಿನ ಸದ್ದು ಅಲ್ಲಿಗೆ ಕೇಳಿಸುವುದಿಲ್ಲ. ಆದ್ದರಿಂದ ನಾವು ಕೇಳುವ ಹೆಜ್ಜೆ, ರೆಕ್ಕೆ, ಹುಲ್ಲಿನ ಸರಸರ ಇವುಗಳಲ್ಲಿ ಹೆಚ್ಚಿನವು ಆಮೇಲೆ ಸೇರಿಸಿದವು. ಪ್ರಾಣಿಗೆ ಸಂಭಾಷಣೆಯಿಲ್ಲ, ಅದರ ಮನಸ್ಸಿನಲ್ಲಿ ಏನಿದೆ ಎಂದು ಪ್ರೇಕ್ಷಕನಿಗೆ ಹೇಳಿಕೊಡುವುದು ಸಂಗೀತ. ಇಲ್ಲಿಯೇ ಅಪಾಯವೂ ಇದೆ. 1953ರ ಡಿಸ್ನಿಯವರ 'ದಿ ಲಿವಿಂಗ್ ಡೆಸರ್ಟ್' ಚಿತ್ರದಲ್ಲಿ ಚೇಳುಗಳ ಪ್ರಣಯದ ದೃಶ್ಯವನ್ನು ಅಮೆರಿಕೆಯ ಹಳ್ಳಿ ಕುಣಿತದ ಮಟ್ಟಿಗೆ ಹೊಂದಿಸಿದ್ದರು. ಸಂಗೀತ ಪಾಲ್ ಸ್ಮಿತ್ ಅವರದು. ಚಿತ್ರಕ್ಕೆ ಆಸ್ಕರ್ ಬಂತು, ಜನ ನಕ್ಕರು. ಚೇಳನ್ನು ಕೋಡಂಗಿ ಮಾಡಿದರೆಂದು ಟೀಕೆಯೂ ಬಂತು. ಬಿ.ಬಿ.ಸಿ.ಯ 'ದಿ ಬ್ಲೂ ಪ್ಲಾನೆಟ್' (2001), 'ಪ್ಲಾನೆಟ್ ಅರ್ತ್' (2006) ಸರಣಿಗಳಿಗೆ ಜಾರ್ಜ್ ಫೆಂಟನ್ ದೊಡ್ಡ ವಾದ್ಯವೃಂದವನ್ನೇ ಬಳಸಿ ಗಂಭೀರವಾದ ಇನ್ನೊಂದು ಮಾದರಿ ಹಾಕಿಕೊಟ್ಟರು. ಲೋಕದ ಬಹುಪಾಲು ವನ್ಯಜೀವಿ ಚಿತ್ರಗಳು ಇಂದು ಆ ನೆರಳಿನಲ್ಲೇ ಇವೆ.

ನಮ್ಮಲ್ಲಿ 2020ರ ಜನವರಿಯಲ್ಲಿ 'ವೈಲ್ಡ್ ಕರ್ನಾಟಕ' ಚಿತ್ರಮಂದಿರಗಳಿಗೆ ಬಂತು. ಅಮೋಘವರ್ಷ ಮತ್ತು ಕಲ್ಯಾಣ್ ವರ್ಮ ಅವರ ನಿರ್ದೇಶನ, ಡೇವಿಡ್ ಅಟೆನ್‌ಬರೊ ಅವರ ನಿರೂಪಣೆ. ಸಂಗೀತ ಬೆಂಗಳೂರಿನ ರಿಕ್ಕಿ ಕೇಜ್ ಅವರದು. 2022ರ ಅಕ್ಟೋಬರಿನಲ್ಲಿ ಪುನೀತ್ ರಾಜಕುಮಾರ್ ಅವರ 'ಗಂಧದ ಗುಡಿ' ಬಂತು. ಅದಕ್ಕೆ ಅಜನೀಶ್ ಲೋಕನಾಥ್ ಸಂಗೀತ. ಕನ್ನಡ ಪ್ರೇಕ್ಷಕರು ಟಿಕೆಟ್ ಕೊಂಡು ಸಾಕ್ಷ್ಯಚಿತ್ರ ನೋಡುವಂತೆ ಮಾಡಿದ್ದೇ ಇವುಗಳ ಸಾಧನೆ. ಆದರೆ ಪ್ರಕೃತಿ ಎಂದೊಡನೆ ನಮ್ಮ ಮನಸ್ಸು ಮಲೆನಾಡಿಗೆ, ಮಳೆಕಾಡಿಗೆ ಓಡುತ್ತದೆ. ಸಂಗೀತವೂ ಅದೇ ಹಸಿರಿನದು. ಎರೆ ಹೊಲದ ಬಯಲಿಗೆ, ಮಳೆ ಬಂದರೆ ಊರು ಮುಳುಗಿಸಿ ಬೇಸಿಗೆಯಲ್ಲಿ ಬತ್ತುವ ಡೋಣಿ ಹೊಳೆಗೆ, ಆಲಮಟ್ಟಿಯ ಹಿನ್ನೀರಿನಲ್ಲಿ ಇಳಿಯುವ ರಾಜಹಂಸಗಳಿಗೆ ಯಾವ ಸಂಗೀತ? ಈ ಬಯಲಿನಲ್ಲಿ ಮರದ ಮರೆಯಿಲ್ಲ; ದನಿ ದೂರದಿಂದ ಬರುತ್ತದೆ, ದೂರಕ್ಕೆ ಹೋಗುತ್ತದೆ. ನೂರು ಪಿಟೀಲು ಇಲ್ಲಿ ಹೆಚ್ಚಾದೀತು. ಒಂದು ಏಕತಾರಿ, ಒಂದು ಚೌಡಿಕೆ, ನಡುವೆ ಗಾಳಿ ಸಾಕಾದೀತು ಎನಿಸುತ್ತದೆ.

ಕಣದ ಕಡೆ ನೋಡಿದರೆ ಇಂದು ಹಂತಿಯಿಲ್ಲ. ರಾಶಿ ಮಾಡುವ ಯಂತ್ರ ಬಂದಿದೆ. ಅದು ಸಿಗದವರು ಡಾಂಬರು ರಸ್ತೆಯ ಮೇಲೆ ತೆನೆ ಹರಡಿ ಲಾರಿ, ಬಸ್ಸುಗಳ ಗಾಲಿಗೆ ತುಳಿಸುತ್ತಾರೆ. ಬೀಸುಕಲ್ಲಿನ ಜಾಗಕ್ಕೆ ಹಿಟ್ಟಿನ ಗಿರಣಿ ಬಂದು ಎಷ್ಟೋ ಕಾಲವಾಯಿತು. ಹೆಂಗಸರ ರಟ್ಟೆಗೆ ಅದರಿಂದ ಬಿಡುಗಡೆಯಾಗಿದೆ. ಹಾಡಿಗಾಗಿ ಅವರು ಮತ್ತೆ ಕಲ್ಲು ತಿರುಗಿಸಲಿ ಎನ್ನುವುದು ಕ್ರೂರ ರಸಿಕತೆಯಾದೀತು. 1950ರಲ್ಲಿ ಆರಂಭವಾದ ಧಾರವಾಡ ಆಕಾಶವಾಣಿ ಜನಪದ ಗಾಯಕರನ್ನು ಕರೆದು ಹಾಡಿಸಿ ದೊಡ್ಡ ಕೆಲಸ ಮಾಡಿತು. ಆದರೆ ಸ್ಟುಡಿಯೋ ಸ್ಟುಡಿಯೋವೇ. ಅಲ್ಲಿ ಬೀಸುವ ಪದವೂ ತಬಲಾದ ಠೇಕೆಗೆ ಒಗ್ಗಿಬಿಡುತ್ತದೆ.

ಕಲ್ಲಿನ ಎದುರು ಕೂತು ಹಾಡಿದ ಕೈಗಳು ಈ ನಾಲ್ಕೂ ಸೀಮೆಗಳ ಹಳ್ಳಿಗಳಲ್ಲಿ ಇನ್ನೂ ಇವೆ. ಎಪ್ಪತ್ತು ದಾಟಿದ ಅಮ್ಮ, ಆಯಿಗಳು. ಕೂತರೆ ಏಳುವುದು ಕಷ್ಟ, ಆದರೆ ಗೂಟ ಹಿಡಿದರೆ ಧಾಟಿ ತಾನಾಗಿ ಬರುತ್ತದೆ. ಬೇಕಾದ ಸಾಮಗ್ರಿಯ ಪಟ್ಟಿ ದೊಡ್ಡದಲ್ಲ: ಹಿತ್ತಲಿನಲ್ಲಿ ಮಗುಚಿ ಬಿದ್ದಿರುವ ಒಂದು ಬೀಸುಕಲ್ಲು, ಒಂದು ಸೇರು ಜೋಳ, ಇಬ್ಬರು ಹೆಂಗಸರು, ಒಳ್ಳೆಯದೊಂದು ಧ್ವನಿಮುದ್ರಣ ಯಂತ್ರ. ಗಿರಣಿ, ಟ್ರ್ಯಾಕ್ಟರುಗಳ ಸದ್ದು ಏಳುವ ಮೊದಲು, ಬೆಳಗಿನ ನಾಲ್ಕು ಗಂಟೆಗೆ ಹೋಗಬೇಕು. ಪದದ ಜೊತೆಗೆ ಹಾಡಿದವರ ಹೆಸರನ್ನೂ ಕೇಳಿ ಬರೆದುಕೊಳ್ಳಬೇಕು.